ಸ್ವಾತಂತ್ರ್ಯದ ಅರ್ಥಶಾಸ್ತ್ರ ಮತ್ತು ಬಳ್ಳಾರಿಯ ಬರ

ಒಳ್ಳೆಯ ಉದ್ದೇಶದಿಂದ ಮಾಡಿದ ಕೆಲಸವು ಕೆಟ್ಟ ಫಲವನ್ನು ಕೊಟ್ಟರೆ ಅದರ ಹೊಣೆ ಯಾರದು? ಏನನ್ನೂ ಮಾಡದೆ ಸುಮ್ಮನಿದ್ದುದರಿಂದ ಕೇಡಾದರೆ ಅದರ ಹೊಣೆ ಯಾರದು? ಮೊದಲನೆಯ ಪ್ರಶ್ನೆಯನ್ನು ಅರ್ಥಶಾಸ್ತ್ರಜ್ಞರು ಮೇಲಿಂದ ಮೇಲೆ ಕೇಳಿದ್ದಾರೆ. ಎರಡನೆಯದನ್ನು ನಮ್ಮ ಬಳ್ಳಾರಿ ಸೀಮೆಯ ಇತಿಹಾಸ ಕೇಳುತ್ತದೆ. ಇವೆರಡನ್ನೂ ಜೊತೆಯಾಗಿಟ್ಟು ವಿಚಾರ ಮಾಡುವುದು ಈ ಲೇಖನದ ಉದ್ದೇಶ.

ಅಮೆರಿಕದ ವಾಲ್ಟರ್ ವಿಲಿಯಮ್ಸ್ (1936-2020) ಮುಕ್ತ ಮಾರುಕಟ್ಟೆಯ ಪ್ರಬಲ ಪ್ರತಿಪಾದಕರಾಗಿದ್ದರು. ಫಿಲಡೆಲ್ಫಿಯಾ ನಗರದ ಬಡ ಕಪ್ಪು ಕುಟುಂಬದಲ್ಲಿ ಹುಟ್ಟಿ, ತಾಯಿಯ ಆಸರೆಯಲ್ಲಿ ಬೆಳೆದು, ಯೌವನದಲ್ಲಿ ಟ್ಯಾಕ್ಸಿ ಓಡಿಸಿ, ಮುಂದೆ ಜಾರ್ಜ್ ಮೇಸನ್ ವಿಶ್ವವಿದ್ಯಾಲಯದಲ್ಲಿ ಪ್ರಾಧ್ಯಾಪಕರಾದವರು. 1982ರಲ್ಲಿ ಪ್ರಕಟವಾದ 'ದಿ ಸ್ಟೇಟ್ ಅಗೇನ್ಸ್ಟ್ ಬ್ಲ್ಯಾಕ್ಸ್' ಎಂಬ ಗ್ರಂಥದಲ್ಲಿ ಅವರು ಮಂಡಿಸಿದ ವಾದ ಸರಳವಾದುದು. ಬಡವನ ಏಳಿಗೆಗೆ ಅಡ್ಡಿಯಾಗಿರುವುದು ಜನರ ಮನಸ್ಸಿನ ದ್ವೇಷವೊಂದೇ ಅಲ್ಲ. ಹಿತದ ಹೆಸರಿನಲ್ಲಿ ಸರ್ಕಾರ ಮಾಡಿದ ಕಾನೂನುಗಳು ಅದಕ್ಕಿಂತ ದೊಡ್ಡ ಅಡ್ಡಿ ಎಂಬುದು ಅವರ ಅಭಿಪ್ರಾಯ. ನ್ಯೂಯಾರ್ಕ್ ನಗರದಲ್ಲಿ 1937ರ ಕಾನೂನು ಟ್ಯಾಕ್ಸಿ ಪರವಾನಗಿಗಳ ಸಂಖ್ಯೆಗೆ ಮಿತಿ ಹಾಕಿತು. ಕಾಲಕ್ರಮದಲ್ಲಿ ಪರವಾನಗಿಯ ಬೆಲೆ ಕಾರಿನ ಬೆಲೆಯ ಹಲವು ಪಟ್ಟಾಯಿತು. ಕಾರು ಕೊಳ್ಳಬಲ್ಲವನಿಗೂ ಪರವಾನಗಿ ಕೊಳ್ಳಲಾಗಲಿಲ್ಲ. ಕಾನೂನಿನಲ್ಲಿ ಬಣ್ಣದ ಮಾತು ಒಂದೂ ಇರಲಿಲ್ಲ. ಆದರೆ ಬಾಗಿಲು ಮುಚ್ಚಿದ್ದು ಹಣವಿಲ್ಲದವನಿಗೆ, ಮತ್ತು ಅಲ್ಲಿ ಹಣವಿಲ್ಲದವರಲ್ಲಿ ಕಪ್ಪು ಜನ ಬಹಳ.

ದಕ್ಷಿಣ ಆಫ್ರಿಕಾವನ್ನು ಕುರಿತು 1989ರಲ್ಲಿ ಬರೆದ ಗ್ರಂಥದಲ್ಲಿ ಅವರು ಇನ್ನೊಂದು ಹೆಜ್ಜೆ ಮುಂದೆ ಹೋದರು. ಗಣಿಯ ಒಡೆಯರು ಲಾಭದಾಸೆಯಿಂದಲಾದರೂ ಕಪ್ಪು ಕಾರ್ಮಿಕರನ್ನು ಒಳ್ಳೆಯ ಕೆಲಸಗಳಿಗೆ ಸೇರಿಸಿಕೊಳ್ಳಲು ಸಿದ್ಧರಿದ್ದಾಗ, ಅದನ್ನು ತಡೆದದ್ದು 1911ರ ಮತ್ತು 1926ರ ಗಣಿ ಕಾನೂನುಗಳು. ಬಿಳಿಯ ಕಾರ್ಮಿಕ ಸಂಘಗಳು ಎಲ್ಲರಿಗೂ ಒಂದೇ ಕೂಲಿಯಿರಲಿ ಎಂದು ಕೇಳಿದ್ದೂ ಕರುಣೆಯಿಂದಲ್ಲ, ಕಡಿಮೆ ಕೂಲಿಗೆ ದುಡಿಯಲು ಬರುವವನನ್ನು ಹೊರಗಿಡುವುದಕ್ಕಾಗಿ ಎಂದು ಅವರು ತೋರಿಸಿದರು. ಆದುದರಿಂದ ಕಾನೂನನ್ನು ಅದರ ಪೀಠಿಕೆಯಿಂದ ಅಳೆಯಬಾರದು, ಫಲದಿಂದ ಅಳೆಯಬೇಕು ಎಂಬುದು ವಿಲಿಯಮ್ಸ್ ಅವರ ಅಳತೆಗೋಲು. ಒಬ್ಬನ ದುಡಿಮೆ ಅವನದೇ. ಬಡವನಿಗೆ ತನ್ನ ಜೇಬಿನಿಂದ ಕೊಡುವುದು ಶ್ಲಾಘ್ಯ, ನೆರೆಯವನ ಜೇಬಿಗೆ ಕೈ ಹಾಕಿ ಕೊಡುವುದು ಧರ್ಮವಲ್ಲ ಎಂಬುದು ಅವರ ನೀತಿ.

ಈ ಅಳತೆಗೋಲಿಗೆ ನಮ್ಮ ನೆಲದಲ್ಲಿಯೇ ಸಾಕ್ಷಿಯುಂಟು. 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವ ಮೊದಲು ಬಳ್ಳಾರಿ, ಸಿರುಗುಪ್ಪ, ಕುರುಗೋಡುಗಳು ಮದರಾಸು ರಾಜ್ಯದಲ್ಲಿದ್ದವು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬಂದ ಪಡಿತರ ಮತ್ತು ಧಾನ್ಯ ನಿಯಂತ್ರಣ ಯುದ್ಧ ಮುಗಿದು ವರ್ಷಗಳಾದರೂ ಉಳಿದಿತ್ತು. ಹಸಿದವನಿಗೆ ನ್ಯಾಯವಾದ ಪಾಲು ಸಿಗಲಿ ಎಂಬುದೇ ಅದರ ಉದ್ದೇಶ. ಆದರೆ ನಿಯಂತ್ರಣವಿದ್ದಲ್ಲಿ ಕಾಳಸಂತೆಯೂ ಹುಟ್ಟಿತು. ಪರವಾನಗಿ ಕೊಡುವ ಕೈಗೆ ಲಂಚ ಸೇರಿತು. ಪ್ರಾಮಾಣಿಕ ವರ್ತಕನಿಗೂ ಅಪರಾಧಿಯ ಭಯ ತಪ್ಪಲಿಲ್ಲ. 1952ರ ಏಪ್ರಿಲಿನಲ್ಲಿ ಮುಖ್ಯಮಂತ್ರಿಯಾದ ರಾಜಾಜಿಯವರು ಜೂನ್ ತಿಂಗಳಲ್ಲಿಯೇ ಧಾನ್ಯ ನಿಯಂತ್ರಣವನ್ನು ತೆಗೆದುಹಾಕಿದರು. ಅನೇಕರು ಹೆದರಿದ್ದ ಅನಾಹುತ ಸಂಭವಿಸಲಿಲ್ಲ. ಮುಂದೆ 1959ರಲ್ಲಿ ಸ್ವತಂತ್ರ ಪಕ್ಷವನ್ನು ಕಟ್ಟಿ ಪರ್ಮಿಟ್-ಲೈಸೆನ್ಸ್ ರಾಜ್ಯವನ್ನು ಖಂಡಿಸಿದವರೂ ಅವರೇ. ವಿಲಿಯಮ್ಸ್ ಅವರ ವಾದವನ್ನು ಓದಿದವರಿಗೆ ಇದು ಪರಿಚಿತ ಕಥೆಯೆನಿಸುವುದು ಸಹಜ.

ಆದರೆ ಬಳ್ಳಾರಿಯ ನೆನಪು 1952ರಲ್ಲಿ ಆರಂಭವಾಗುವುದಿಲ್ಲ. 1876ರಲ್ಲಿ, ಧಾತು ಸಂವತ್ಸರದಲ್ಲಿ, ಮಳೆ ಕೈಕೊಟ್ಟಿತು. ಈಶ್ವರ ಸಂವತ್ಸರಕ್ಕೂ ಬರ ಮುಂದುವರಿಯಿತು. ಮದರಾಸು ಪ್ರಾಂತದಲ್ಲಿ ಅತಿ ಹೆಚ್ಚು ಬಳಲಿದ ಜಿಲ್ಲೆಗಳಲ್ಲಿ ಬಳ್ಳಾರಿಯೂ ಒಂದು. ಗವರ್ನರ್ ಬಕಿಂಗ್‌ಹ್ಯಾಮ್ ಡ್ಯೂಕರು ಸರ್ಕಾರದ ಹಣದಿಂದ ಧಾನ್ಯ ಕೊಂಡು ಸಂಗ್ರಹಿಸಲು ಹೊರಟಾಗ ವೈಸ್‌ರಾಯ್ ಲಿಟ್ಟನ್ನರ ಸರ್ಕಾರ ಅದನ್ನು ಒಪ್ಪಲಿಲ್ಲ. ಧಾನ್ಯದ ವ್ಯಾಪಾರದಲ್ಲಿ ಸರ್ಕಾರ ಕೈಹಾಕಿದರೆ ವರ್ತಕರು ಹಿಂಜರಿಯುವರು, ಬೆಲೆಯೇ ಧಾನ್ಯವನ್ನು ಎಳೆದು ತರುವುದು ಎಂಬುದು ಆ ಸರ್ಕಾರದ ಸಿದ್ಧಾಂತ. ಅದು ಸುಳ್ಳೆಂದೂ ಹೇಳಲಾಗದು: ರೈಲಿನಲ್ಲಿ ಧಾನ್ಯ ಬಂದಿತು, ಮಾರುಕಟ್ಟೆ ಮುಕ್ತವಾಗಿಯೇ ಇತ್ತು. ಆದರೆ ಹೊಲದಲ್ಲಿ ಕೆಲಸವಿಲ್ಲದ ಕೂಲಿಕಾರನ ಬಳಿ ಕೊಳ್ಳಲು ಕಾಸಿರಲಿಲ್ಲ. ಧಾನ್ಯ ಅವನ ಊರಿಗೆ ಬಂದರೂ ಅವನ ಒಲೆಗೆ ಬರಲಿಲ್ಲ. ಕ್ಷಾಮದಲ್ಲಿ ಜನ ಸಾಯುವುದು ಧಾನ್ಯವಿಲ್ಲದುದರಿಂದ ಮಾತ್ರವಲ್ಲ, ಅದನ್ನು ಪಡೆಯುವ ಶಕ್ತಿಯಿಲ್ಲದುದರಿಂದಲೂ ಎಂದು ಅಮರ್ತ್ಯ ಸೇನರು 1981ರ ತಮ್ಮ ಗ್ರಂಥದಲ್ಲಿ ಪ್ರತಿಪಾದಿಸಿದ ಮಾತಿಗೆ ನಮ್ಮ ಜಿಲ್ಲೆಯೂ ನಿದರ್ಶನ.

1877ರ ಜನವರಿಯಲ್ಲಿ ಪರಿಹಾರದ ವೆಚ್ಚವನ್ನು ಬಿಗಿಗೊಳಿಸಲು ಸರ್ ರಿಚರ್ಡ್ ಟೆಂಪಲ್ ಬಂದರು. ಪರಿಹಾರದ ಕಾಮಗಾರಿಯಲ್ಲಿ ದುಡಿಯುವ ವಯಸ್ಕನಿಗೆ ದಿನವೊಂದಕ್ಕೆ ಒಂದು ಪೌಂಡ್, ಎಂದರೆ ಅರ್ಧ ಕಿಲೋಗಿಂತ ಕಡಿಮೆ ಧಾನ್ಯದ ಬೆಲೆ ಮತ್ತು ಅಲ್ಪ ಚಿಲ್ಲರೆ ಕೂಲಿಯೆಂದು ಗೊತ್ತುಮಾಡಿದರು. ದುಡಿಯುವ ದೇಹಕ್ಕೆ ಇದು ಸಾಲದೆಂದು ಮದರಾಸಿನ ಆರೋಗ್ಯಾಧಿಕಾರಿ ಡಾ. ಕಾರ್ನಿಷ್ ಪ್ರತಿಭಟಿಸಿದರು, ಕೆಲವು ತಿಂಗಳಲ್ಲಿ ಪ್ರಾಂತದ ಸರ್ಕಾರ ಕೂಲಿಯನ್ನು ಹೆಚ್ಚಿಸಿತು. ಇದೇ ಟೆಂಪಲ್ ಅವರು 1874ರಲ್ಲಿ ಬಿಹಾರದ ಬರದಲ್ಲಿ ಬರ್ಮಾದಿಂದ ಅಕ್ಕಿ ತರಿಸಿ ಹಂಚಿದ್ದರು. ಅಲ್ಲಿ ಸತ್ತವರು ಬಹು ಕಡಿಮೆ. ಅದಕ್ಕೆ ಅವರಿಗೆ ದೊರೆತದ್ದು ದುಂದುಗಾರನೆಂಬ ಅಪಕೀರ್ತಿ. ದಕ್ಷಿಣದಲ್ಲಿ ಅವರು ಹಣ ಉಳಿಸಿದರು, ಜನ ಉಳಿಯಲಿಲ್ಲ. 1871ರ ಜನಗಣತಿಯಲ್ಲಿ ಕಂಡ ಜಿಲ್ಲೆಯ ಜನಸಂಖ್ಯೆ 1881ರಲ್ಲಿ ಬಹಳವಾಗಿ ಕುಗ್ಗಿತ್ತು. ಭಾರತದಿಂದ ಇಂಗ್ಲೆಂಡಿಗೆ ಗೋದಿಯ ರಫ್ತು ಮಾತ್ರ ಆ ವರ್ಷಗಳಲ್ಲಿಯೂ ನಿಂತಿರಲಿಲ್ಲ.

ಇಲ್ಲಿ ಒಂದು ಆಕ್ಷೇಪ ಬರಬಹುದು. ಅದು ಸ್ವತಂತ್ರ ಸಮಾಜವಾಗಿರಲಿಲ್ಲ. ಪರದೇಶದ ಜನಾಂಗವೊಂದು ಕಂದಾಯ ವಸೂಲಿ ಮಾಡುತ್ತ ಆಳುತ್ತಿತ್ತು. ಅದರ ತಪ್ಪನ್ನು ಮಾರುಕಟ್ಟೆಯ ತಲೆಗೆ ಕಟ್ಟುವುದು ಸರಿಯೇ ಎಂದು ವಿಲಿಯಮ್ಸ್ ಅವರ ಪಕ್ಷದವರು ಕೇಳಿಯಾರು. ಆಕ್ಷೇಪದಲ್ಲಿ ಸತ್ಯವಿದೆ. ರೈತನಿಂದ ತೆಗೆದುಕೊಳ್ಳುವಾಗ ಸರ್ಕಾರವಾಗಿದ್ದು, ಅವನಿಗೆ ಕೊಡಬೇಕಾದಾಗ ಮಾರುಕಟ್ಟೆಯ ಕಡೆಗೆ ಬೆರಳು ತೋರಿಸಿದ ರಾಜ್ಯ ಅದು. ಆದರೆ ಈ ಉತ್ತರವೇ ನಮ್ಮ ವಿಚಾರವನ್ನು ಗಟ್ಟಿಗೊಳಿಸುತ್ತದೆ. ಜನಾಂಗದ ಅಂತರವಿದ್ದಲ್ಲಿ ಕಾನೂನೂ ಆಯುಧವಾಗಬಲ್ಲದು, ಕಾನೂನು ಮಾಡದಿರುವ ಸಿದ್ಧಾಂತವೂ ಆಯುಧವಾಗಬಲ್ಲದು. ದಕ್ಷಿಣ ಆಫ್ರಿಕಾದ ಕಪ್ಪು ಕಾರ್ಮಿಕನನ್ನು ತಡೆದದ್ದು ಸರ್ಕಾರದ ಕೈ. ಬಳ್ಳಾರಿಯ ಕೂಲಿಕಾರನನ್ನು ಕೊಂದದ್ದು ಕಟ್ಟಿಕೊಂಡ ಕೈ. ಫಲದಿಂದ ಅಳೆಯಬೇಕೆಂಬ ಅಳತೆಗೋಲು ಸರಿಯಾದುದಾದರೆ ಅದನ್ನು ಎರಡು ಕಡೆಗೂ ಹಿಡಿಯಬೇಕು. ವಿಲಿಯಮ್ಸ್ ಅವರು ಅದನ್ನು ಬಹುಮಟ್ಟಿಗೆ ಒಂದೇ ಕಡೆಗೆ ಹಿಡಿದರು.

ಜೈನ ನೀತಿಯನ್ನು ಬಲ್ಲವರಿಗೆ ಇದು ಹೊಸ ಮಾತಲ್ಲ. ಹಿಂಸೆಯನ್ನು ನಮ್ಮ ಆಚಾರ್ಯರು ಕೃತ, ಕಾರಿತ, ಅನುಮೋದಿತವೆಂದು ವಿಂಗಡಿಸಿದರು. ಪ್ರಮಾದವನ್ನು ಹಿಂಸೆಯ ಮೂಲವೆಂದರು. ಕೈಯಲ್ಲಿ ಕತ್ತಿಯಿಲ್ಲದವನೂ ಅಲಕ್ಷ್ಯದಿಂದ ಹಿಂಸಕನಾಗಬಲ್ಲನೆಂಬುದು ಇದರ ತಾತ್ಪರ್ಯ. ಇನ್ನೊಂದು ಕಡೆ, ಅಚೌರ್ಯವ್ರತದ ಅತಿಚಾರಗಳಲ್ಲಿ ಕಳ್ಳಮಾಲು ಕೊಳ್ಳುವುದು, ತೂಕ ಅಳತೆಗಳಲ್ಲಿ ಮೋಸ, ಕಲಬೆರಕೆ ಇವುಗಳೊಡನೆ ರಾಜ್ಯದ ನಿಯಮವನ್ನು ಮೀರುವುದನ್ನೂ ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದ 7ನೆಯ ಅಧ್ಯಾಯದಲ್ಲಿ ಸೇರಿಸಿದ್ದಾರೆ. ಅಂದರೆ ವರ್ತಕನ ಸ್ವಾತಂತ್ರ್ಯವನ್ನು ಒಪ್ಪುವ ಪರಂಪರೆಯೇ ಅದಕ್ಕೆ ಗಡಿಯನ್ನೂ ಹಾಕಿದೆ. ಪರಿಗ್ರಹ ಪರಿಮಾಣವಂತೂ ಯಾವ ಸರ್ಕಾರವೂ ಹೇರದ, ಗೃಹಸ್ಥನು ತನಗೆ ತಾನೇ ಹಾಕಿಕೊಳ್ಳುವ ಮಿತಿ. ತನ್ನ ಜೇಬಿನಿಂದಲೇ ಕೊಡಬೇಕೆಂಬ ವಿಲಿಯಮ್ಸ್ ಅವರ ಮಾತು ಇಲ್ಲಿ ನಮ್ಮ ದಾನಧರ್ಮಕ್ಕೆ ಹತ್ತಿರವಾಗುತ್ತದೆ. ಆದರೆ ಒಂದು ಜಿಲ್ಲೆಯೇ ಹಸಿದಾಗ ಯಾವ ಗೃಹಸ್ಥನ ಕಣಜವೂ ಸಾಲದು ಎಂಬುದನ್ನು 1877 ಕಲಿಸಿತು.

ಹಾಗಾದರೆ ದಾರಿ ಯಾವುದು? 1952ರ ಮದರಾಸನ್ನೇ ಮತ್ತೊಮ್ಮೆ ನೋಡೋಣ. ನಿಯಂತ್ರಣ ತೆಗೆದ ಅದೇ ಸರ್ಕಾರ ಅದೇ ವರ್ಷ ಬರಪೀಡಿತ ರಾಯಲಸೀಮೆಯಲ್ಲಿ ಗಂಜಿ ಕೇಂದ್ರಗಳನ್ನು ತೆರೆಯಿತು; ಬೆಲೆ ಏರಿದರೆ ತಡೆಯಲು ಕೇಂದ್ರದ ದಾಸ್ತಾನು ಬೆನ್ನಿಗಿತ್ತು. ವ್ಯಾಪಾರಿಯ ದಾರಿ ಬಿಡಿಸಿದ ಕೈಯೇ ಹಸಿದವನಿಗೆ ಗಂಜಿ ಎರೆಯಿತು. ಇವು ಪರಸ್ಪರ ವಿರುದ್ಧವಲ್ಲ. ಇಂದು ಸಿರುಗುಪ್ಪದ ಅಕ್ಕಿ ಗಿರಣಿಗಳು ಖಾಸಗಿಯವರ ಸಾಹಸದ ಫಲ. ಆದರೆ ಆ ಗಿರಣಿಗಳಿಗೆ ಭತ್ತ ಕೊಡುವ ನೀರು ವಿಜಯನಗರದ ಅರಸರು ತೋಡಿಸಿದ ಕಾಲುವೆಗಳಿಂದಲೂ 1953ರಲ್ಲಿ ಪೂರ್ಣಗೊಂಡ ತುಂಗಭದ್ರಾ ಅಣೆಕಟ್ಟಿನಿಂದಲೂ ಬರುತ್ತದೆ. 2024ರ ಆಗಸ್ಟ್ 10ರ ರಾತ್ರಿ ಆ ಅಣೆಕಟ್ಟಿನ 19ನೆಯ ಕ್ರೆಸ್ಟ್ ಗೇಟ್ ಕೊಚ್ಚಿಹೋದಾಗ, ಸರ್ಕಾರದ ಪಾಲಿನ ಕೆಲಸ ಯಾವುದೆಂಬುದು ಎಲ್ಲ ರೈತರಿಗೂ ತಿಳಿಯಿತು. ಕುರುಗೋಡು ಸೀಮೆಯ ಮೆಣಸಿನಕಾಯಿ ದೂರದ ಬ್ಯಾಡಗಿಯ ಮಾರುಕಟ್ಟೆಗೆ ಹೋಗುವಾಗ, ಮಾರುವ ಸ್ವಾತಂತ್ರ್ಯವೂ ಬೇಕು, ಅಲ್ಲಿ ನ್ಯಾಯವಾದ ತೂಕವೂ ಬೇಕು.

ಇದೇ ಅಳತೆಗೋಲನ್ನು ನಮ್ಮ ಕಡೆಗೂ ತಿರುಗಿಸಿಕೊಳ್ಳುವುದು ಉಚಿತ. ಕರ್ನಾಟಕದಲ್ಲಿ ದಿಗಂಬರ ಜೈನರು ಹಿಂದುಳಿದ ವರ್ಗಗಳ 3ಬಿ ಪ್ರವರ್ಗದಲ್ಲಿದ್ದಾರೆ. 2014ರ ಜನವರಿಯಲ್ಲಿ ಜೈನರಿಗೆ ರಾಷ್ಟ್ರಮಟ್ಟದ ಅಲ್ಪಸಂಖ್ಯಾತ ಮಾನ್ಯತೆಯೂ ದೊರೆಯಿತು. ಸೌಲಭ್ಯವನ್ನು ಪಡೆಯುವುದು ತಪ್ಪೆಂದಲ್ಲ. ಅದು ಹೊಲದ ಕೂಲಿಯಿಂದ ಮಗಳನ್ನು ಓದಿಸುವ ಬಡ ಶ್ರಾವಕನ ಮನೆಗೆ ತಲಪುವುದೋ, ಉಳ್ಳವರ ಹಜಾರದಲ್ಲಿಯೇ ಉಳಿಯುವುದೋ ಎಂದು ಕೇಳಬೇಕು. ಬಸದಿಯ ಟ್ರಸ್ಟುಗಳು ವಿದ್ಯಾರ್ಥಿನಿಲಯ, ವಿದ್ಯಾರ್ಥಿವೇತನ, ಅನ್ನದಾನಗಳ ನಿಯಮಗಳನ್ನು ಬರೆಯುವಾಗಲೂ ಉದ್ದೇಶವನ್ನಷ್ಟೇ ಓದಿ ತೃಪ್ತರಾಗದೆ, ಆ ನಿಯಮದಿಂದ ಯಾರ ಮುಂದೆ ಬಾಗಿಲು ಮುಚ್ಚಿತು, ಬಾಗಿಲು ತೆರೆದಿದ್ದರೂ ಯಾರು ಹೊಸ್ತಿಲು ದಾಟಲಾರದೆ ನಿಂತರು ಎಂಬೆರಡನ್ನೂ ವರ್ಷಕ್ಕೊಮ್ಮೆಯಾದರೂ ಲೆಕ್ಕ ಹಾಕುವುದು ಒಳಿತು.

ಆಹಾರ, ಔಷಧ, ಶಾಸ್ತ್ರಗಳೊಡನೆ ಅಭಯವನ್ನೂ ದಾನವೆಂದು ಎಣಿಸಿದವರು ನಮ್ಮ ಹಿರಿಯರು. ದುಡಿಯುವವನಿಗೆ ಅಧಿಕಾರಿಯ ಭಯವಿಲ್ಲದಿರುವುದು ಒಂದು ಅಭಯ. ದುಡಿಮೆ ಕೈತಪ್ಪಿದಾಗ ಹಸಿವಿನ ಭಯವಿಲ್ಲದಿರುವುದು ಇನ್ನೊಂದು. ಇವೆರಡೂ ಸೇರಿದಾಗಲೇ ಸ್ವಾತಂತ್ರ್ಯವೆಂಬ ಮಾತು ಪೂರ್ಣವಾಗುತ್ತದೆ.