ಹುಟ್ಟೂರನ್ನು ಬಿಡುವದು ತಪ್ಪೋ?

ಕುಂದಾಪುರ, ಬೈಂದೂರು ಸೀಮೆಗಳಲ್ಲಿ ಘಟ್ಟದ ಬುಡಕ್ಕಿರುವ ಊರುಗಳ ಒಳಭಾಗಗಳಿಗೆ ಹೋದರೆ, ಮುದುಕರು ಮಾತ್ರ ಉಳಿದಿರುವ ಮನೆಗಳನ್ನು ಕಾಣುತ್ತೇವೆ. ಮಕ್ಕಳು ಬೆಂಗಳೂರಿಗೂ ಮುಂಬಯಿಗೂ ಹೋಗಿದ್ದಾರೆ. ಹೀಗೆ ಹುಟ್ಟೂರನ್ನು ಬಿಡುವದು ತಪ್ಪೋ ಎಂಬದನ್ನು ವಿಚಾರಿಸೋಣ.

ಇದೆಲ್ಲಾ ಸುಖದ ಆಶೆಯಿಂದಲೇ ಆಗುವದೆಂದು ಕೆಲವರು ದೂರುತ್ತಾರೆ. ಇದು ನ್ಯಾಯವಾದ ಮಾತಲ್ಲ. 2022ರ ಆಗಸ್ಟ್ ತಿಂಗಳಲ್ಲಿ ಬೈಂದೂರು ತಾಲೂಕಿನ ಕಾಲ್ತೋಡಿನಲ್ಲಿ, ಶಾಲೆಯಿಂದ ಮನೆಗೆ ಬರುತ್ತಿದ್ದ 2ನೆಯ ತರಗತಿಯ ಹುಡುಗಿಯು ಕಾಲುಸಂಕದಿಂದ ಜಾರಿ, ಹಳ್ಳದ ನೀರಿನಲ್ಲಿ ಪ್ರಾಣವನ್ನು ಕಳಕೊಂಡಳು. ಅಂಥ ಹಳ್ಳದ ಆಚೆಯಲ್ಲಿ ವಾಸಿಸುವ ತಂದೆಯು ಮಗುವನ್ನು ಕರಕೊಂಡು ಪಟ್ಟಣಕ್ಕೆ ಹೋದರೆ ಅವನನ್ನು ಯಾರು ದೂರುವರು? ಇದಲ್ಲದೆ ಊರು ಬಿಡುವದು ನಮ್ಮಲ್ಲಿ ಹೊಸದಲ್ಲ. ಕೋಟದ ಸಮೀಪದ ಪಾರಂಪಳ್ಳಿಯಿಂದ ಹೋದ ಮಯ್ಯ ಸಹೋದರರು 1924ರಲ್ಲಿ ಬೆಂಗಳೂರಿನಲ್ಲಿ ಫಲಾಹಾರ ಮಂದಿರವನ್ನು ತೆರೆದರು. ಅದೇ ಮಾವಳ್ಳಿ ಟಿಫಿನ್ ರೂಮ್ಸ್ ಎಂದು ಹೆಸರಾಯಿತು.

ಆದರೂ ಇನ್ನೊಂದು ಪಕ್ಷವುಂಟು. ಬೆಟ್ಟದ ಊರು ಒಬ್ಬೊಬ್ಬನ ದುಡಿಮೆಯಿಂದ ನಿಲ್ಲುವಂಥದಲ್ಲ. ಅಡಿಕೆಮರಗಳನ್ನು ಹೊತ್ತು ತಂದು ಸಂಕ ಹಾಕುವದು, ಹಳ್ಳಕ್ಕೆ ಕಟ್ಟವನ್ನು ಕಟ್ಟಿ ತೋಟಕ್ಕೆ ನೀರು ತಿರುಗಿಸುವದು, ರೋಗಿಯನ್ನು ಹೊತ್ತು ಮಾರ್ಗಕ್ಕೆ ಮುಟ್ಟಿಸುವದು, ಇವೆಲ್ಲಾ ನೆರೆಯವರು ಕೂಡಿ ಮಾಡತಕ್ಕ ಕೆಲಸಗಳು. ಆರು ಮನೆಗಳಲ್ಲಿ ಮೂರು ಮನೆಯವರು ಹೋದರೆ ಹಳ್ಳದ ಅಗಲವು ಅರ್ಧವಾಗುವದಿಲ್ಲ. ಹೊರುವ ಹೆಗಲುಗಳು ಮಾತ್ರ ಅರ್ಧವಾಗುವವು. ಮಕ್ಕಳು ಕಡಿಮೆಯಾದಲ್ಲಿ ಶಾಲೆಯೂ ಮುಚ್ಚುವದು. ಆಗ ಉಳಿಯಬೇಕೆಂದಿದ್ದವನೂ ಹೊರಡಬೇಕಾಗುವದು. ಮೊದಲು ಹೋದವನು ತನ್ನ ಇಷ್ಟದಿಂದ ಹೋದನು. ಕಡೆಯವನೋ ಅನ್ಯರ ನಿರ್ಣಯದಿಂದ ಹೋಗುವನು.

ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು 1943ರಲ್ಲಿ ಪ್ರಕಟಿಸಿದ ‘ಬೆಟ್ಟದ ಜೀವ’ದಲ್ಲಿ, ಸುಬ್ರಹ್ಮಣ್ಯದ ಕಡೆಯ ಕಾಡಿನಲ್ಲಿ ತೋಟವನ್ನೆಬ್ಬಿಸಿದ ಗೋಪಾಲಯ್ಯನೆಂಬ ಮುದುಕನಿದ್ದಾನೆ. ಅವನಿಗೆ ಅನ್ನದ ಕೊರತೆಯಿಲ್ಲ. ಮನೆ ಬಿಟ್ಟುಹೋದ ಮಗನದೇ ಕೊರತೆ.

ಆದಕಾರಣ ಹೋಗುವದು ತಪ್ಪಲ್ಲ. ತನ್ನ ಪಾಲಿನ ಹೊರೆಯನ್ನು ಉಳಿದವರ ಮೇಲಿಟ್ಟು ಅದನ್ನು ಮರೆಯುವದೇ ತಪ್ಪು. ಹಣ ಕಳುಹಿಸಿದರೆ ಸಾಕೆನ್ನಬಾರದು. ಹಣವು ಮರವನ್ನು ಕೊಂಡೀತು, ಹೊರಲಾರದು. ಹೋದವನು ಮಳೆಗಾಲಕ್ಕೆ ಮುಂಚೆ ಎರಡು ದಿವಸವಾದರೂ ಬಂದು ಸಂಕದ ಕೆಲಸಕ್ಕೆ ಕೂಡಲಿ. ಗಟ್ಟಿಯಾದ ಸೇತುವೆಗೋಸ್ಕರ ಪಂಚಾಯತಿಗೆ ಅರ್ಜಿಯನ್ನು ಬರೆಯಲಿ. ಉಳಿದವರೂ ಅವನನ್ನು ಹಂಗಿಸದೆ ಅವನ ಮನೆಯ ದಾರಿಯನ್ನು ಸವರಿಡಲಿ. ನಡೆಯುವವರಿಲ್ಲದ ದಾರಿಯನ್ನು ಕಾಡು ಒಂದೇ ಮಳೆಗಾಲದಲ್ಲಿ ಮುಚ್ಚಿಬಿಡುವದಷ್ಟೆ.