ಎಷ್ಟು ಆಯ್ದರೆ ಸಾಕು?

ಸಿನಿಮಾ ರಾಮನಗರಕ್ಕೆ ಬಂದದ್ದು ಬಂಡೆಗಳನ್ನು ಹುಡುಕಿಕೊಂಡು. ರಾಮದೇವರಬೆಟ್ಟದ ಬುಡದಲ್ಲಿ ಹಳ್ಳಿಯ ಸೆಟ್ ಹಾಕಿ ತೆಗೆದ ‘ಶೋಲೆ’ 1975ರಲ್ಲಿ ತೆರೆಗೆ ಬಂದಾಗ, ಇಲ್ಲದ ಊರೊಂದರ ಹೆಸರು ದೇಶಕ್ಕೆಲ್ಲ ಬಾಯಿಪಾಠವಾಯಿತು. ಬೆಟ್ಟದಿಂದ ಸ್ವಲ್ಪವೇ ದೂರದ ಪೇಟೆಯಲ್ಲಿ ರೇಷ್ಮೆಗೂಡನ್ನು ಬಿಸಿನೀರಿಗೆ ಹಾಕಿ ನೂಲು ಬಿಚ್ಚುವ ಕೈಗಳು ಆ ಚೌಕಟ್ಟಿಗೆ ಬೇಕಿರಲಿಲ್ಲ, ಅದು ಕಥಾಚಿತ್ರ. ಆ ಕೈಗಳನ್ನು ತೋರಿಸುವ ಹೊಣೆ ಸಾಕ್ಷ್ಯಚಿತ್ರದ್ದು. ಆದರೆ ಆ ಹೊಣೆ ಹೊತ್ತು ಬಂದವರಿಗೆ ಬಾಗಿಲಲ್ಲೇ ಎದುರಾಗುವುದು ಧರ್ಮದ ಪ್ರಶ್ನೆ: ಇನ್ನೊಬ್ಬರ ದುಡಿಮೆಯಿಂದ, ನೋವಿನಿಂದ ನಾನು ಎಷ್ಟನ್ನು ತೆಗೆದುಕೊಳ್ಳಬಹುದು? ಹನ್ನೆರಡನೇ ಶತಮಾನದ ಆಯ್ದಕ್ಕಿ ಲಕ್ಕಮ್ಮನ ಬಳಿ ಇದಕ್ಕೊಂದು ಅಳತೆಯಿದೆ.

ಕಲ್ಯಾಣದ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಲಕ್ಕಮ್ಮನ ಗಂಡ ಮಾರಯ್ಯನ ಕಾಯಕ. ಒಂದು ದಿನ ಆತ ಎಂದಿಗಿಂತ ಹೆಚ್ಚು ತಂದ. ಹೆಚ್ಚಿನದ್ದನ್ನು ತಂದಲ್ಲೇ ಸುರಿದು ಬರುವಂತೆ ಆಕೆ ಹೇಳಿದಳು. ಆ ಅಕ್ಕಿ ಕದ್ದದ್ದಲ್ಲ, ದಾಸೋಹಕ್ಕೇ ಸಲ್ಲುವಂಥದ್ದು; ಆದರೂ ಬೇಡ. ಉದ್ದೇಶ ಒಳ್ಳೆಯದಾದ ಮಾತ್ರಕ್ಕೆ ಆಸೆ ಆಸೆಯಲ್ಲದೆ ಹೋಗುವುದಿಲ್ಲ ಎಂಬುದು ಇದರ ತಿರುಳು. ಫ್ರಾನ್ಸಿನ ಆನ್ಯೆಸ್ ವಾರ್ದಾ 2000ರಲ್ಲಿ, ಕೊಯ್ಲಾದ ಹೊಲದಲ್ಲಿ ಹಕ್ಕಲಾಯುವವರನ್ನು ಕುರಿತು ಸಾಕ್ಷ್ಯಚಿತ್ರ ಮಾಡಿದಾಗ ತಾವೂ ಚಿತ್ರಗಳನ್ನು ಆಯುವವರೇ ಎಂದುಕೊಂಡರು. ಈ ಹೋಲಿಕೆಯನ್ನು ಒಪ್ಪುವುದಾದರೆ ಲಕ್ಕಮ್ಮನ ಅಳತೆಯನ್ನೂ ಒಪ್ಪಬೇಕಾಗುತ್ತದೆ, ಅದೂ ಇನ್ನಷ್ಟು ಬಿಗಿಯಾಗಿ. ಅಂಗಳದಲ್ಲಿ ಚೆಲ್ಲಿದ ಅಕ್ಕಿಗೆ ಕೇಳುವವರಿಲ್ಲ. ದುಡಿಯುವವಳ ಮುಖಕ್ಕೆ ಒಡತಿ ಇದ್ದಾಳೆ.

ಹಾಗಾದರೆ ಯಾವುದು ಬೇಕಾದಷ್ಟು, ಯಾವುದು ಹೆಚ್ಚು? ನೋವಿನ ಜೊತೆ ಅದರ ಕಾರಣವನ್ನೂ ಕಾಣಿಸುವ ನೋಟ ಬೇಕಾದದ್ದು. ಕಾರಣವನ್ನು ಹೊರಗಿಟ್ಟು ನೋವನ್ನಷ್ಟೇ ಹತ್ತಿರಕ್ಕೆಳೆಯುವ ನೋಟ ಹೆಚ್ಚಿನದ್ದು. ನೂಲು ಬಿಚ್ಚುವಲ್ಲಿ ಕ್ಯಾಮೆರಾವನ್ನು ಮೊದಲು ಸೆಳೆಯುವುದು ನೀರಲ್ಲಿ ನೆನೆದು ಬಿಳಿಚಿದ ಬೆರಳುಗಳು. ಆದರೆ ಕಣ್ಣಿಗೆ ಕಾಣದಷ್ಟು ಸಣ್ಣ ಎಳೆಯ ತುದಿ ಹಿಡಿದು, ಹಲವು ಗೂಡುಗಳ ಎಳೆ ಸೇರಿಸಿ, ದಪ್ಪ ಏರುಪೇರಾಗದಂತೆ ಒಂದೇ ನೂಲು ಮಾಡುವ ಜಾಣ್ಮೆಯೂ ಆ ಬೆರಳುಗಳದ್ದೇ. ಚನ್ನಪಟ್ಟಣದ ಗೊಂಬೆ ಕೆಲಸಗಾರರನ್ನು ಅಳಿಯುತ್ತಿರುವ ಕಲೆಯ ಕೊನೆಯ ಕುಡಿಗಳೆಂದು ಮರುಗಿ ತೋರಿಸುವುದು ಸುಲಭ. ತಿರುಗುವ ಮರಕ್ಕೆ ಅರಗಿನ ಕಡ್ಡಿ ಒತ್ತಿ, ಉಜ್ಜಿದ ಬಿಸಿಗೇ ಬಣ್ಣ ಕರಗಿ ಹತ್ತುವಂತೆ ಮಾಡುವ ಆ ಕೈಗೆ ಗೊಂಬೆಯೊಂದಕ್ಕೆ ಎಷ್ಟು ಕೂಲಿ ದಕ್ಕುತ್ತದೆ ಎಂದು ಕೇಳುವುದಕ್ಕೆ ಹೆಚ್ಚು ಶ್ರಮ ಬೇಕು. ಕನಕಪುರದ ಕಲ್ಲು ಕೆಲಸವನ್ನು ತೋರಿಸುವಾಗಲೂ ಧೂಳಿನ ಜೊತೆ ಕೂಲಿಯ ಲೆಕ್ಕ ಕಾಣಬೇಕು.

ನೋವನ್ನು ಕಣ್ಣಿಗೆ ರಾಚುವಂತೆ ತೋರಿಸದಿದ್ದರೆ ಯಾರು ತಿರುಗಿ ನೋಡುತ್ತಾರೆ ಎಂಬ ಆಕ್ಷೇಪ ಹಗುರವಾದದ್ದಲ್ಲ. ರೇಷ್ಮೆ ಉದ್ಯಮದಲ್ಲಿ ಜೀತಕ್ಕಿದ್ದ ಮಕ್ಕಳ ಬಗ್ಗೆ ಹ್ಯೂಮನ್ ರೈಟ್ಸ್ ವಾಚ್ 2003ರಲ್ಲಿ ವರದಿ ತಂದಾಗ, ಕರ್ನಾಟಕದಲ್ಲಿ ನೂಲು ಬಿಚ್ಚುವ ಮಕ್ಕಳ ಕೈಗಳ ಸ್ಥಿತಿಯನ್ನೂ ಅದು ಹೇಳಲೇಬೇಕಾಯಿತು. ಆದರೆ ಆ ವರದಿ ಅಲ್ಲಿಗೇ ನಿಲ್ಲಲಿಲ್ಲ. ಹೆತ್ತವರು ಪಡೆದ ಮುಂಗಡ ಹಣ ಮಗುವನ್ನು ಹೇಗೆ ಕಟ್ಟಿಹಾಕುತ್ತದೆ, 1976ರಲ್ಲೇ ಜೀತ ರದ್ದಾದ ದೇಶದಲ್ಲಿ ಅದು ಹೇಗೆ ಉಳಿಯುತ್ತದೆ ಎಂಬುದನ್ನೂ ಬಿಡಿಸಿಟ್ಟಿತು. ಬೆಂದ ಬೆರಳು ಕರುಣೆ ಹುಟ್ಟಿಸುತ್ತದೆ, ಮುಂಗಡದ ಲೆಕ್ಕ ನ್ಯಾಯ ಕೇಳುತ್ತದೆ. ಮೊದಲನೆಯದು ಎರಡನೆಯದಕ್ಕೆ ದಾರಿಯಾದರೆ ಅದು ಅಳತೆಯೊಳಗೇ ಇದೆ.

ಅಳತೆಯನ್ನು ಚಿತ್ರದಲ್ಲಿರುವವರ ಕೈಗೆ ಕೊಟ್ಟರೆ ನಿರ್ದೇಶಕರ ಸ್ವಾತಂತ್ರ್ಯ ಏನಾಗಬೇಕು? ನಿಪ್ಪಾಣಿಯಲ್ಲಿ ಇದಕ್ಕೆ ಉತ್ತರವಿದೆ. ದೀಪಾ ಧನರಾಜ್ ಅವರಿದ್ದ ‘ಯುಗಾಂತರ್’ ಬಳಗ ಅಲ್ಲಿನ ತಂಬಾಕು ಕಾರ್ಖಾನೆಯ ಹೆಂಗಸರೊಡನೆ ತಿಂಗಳುಗಟ್ಟಲೆ ಇದ್ದು, ಅವರ ಮಾತು ಕೇಳಿ, ಅವರೊಡನೆ ಸೇರಿ ರೂಪಿಸಿದ ಚಿತ್ರ 1982ರದು. ಆ ಹೆಂಗಸರು ಅಲ್ಲಿ ಸಂಘ ಕಟ್ಟುವವರಾಗಿ, ಯೋಚಿಸಿ ಹೆಜ್ಜೆಯಿಡುವವರಾಗಿ ಕಾಣುತ್ತಾರೆ. ಕೇಳಿಸಿಕೊಂಡದ್ದರಿಂದ ಕಲೆ ಬಡವಾಗಲಿಲ್ಲ. ಮಾರಯ್ಯನೂ ತನ್ನ ಅಳತೆಯನ್ನು ತಾನೊಬ್ಬನೇ ಕಂಡುಕೊಳ್ಳಲಿಲ್ಲ. ‘ಇಷ್ಟು ಸಾಕು’ ಎಂದು ಹೇಳುವ ಹಕ್ಕು ದುಡಿಯುವವರದ್ದು. ಮಾಲೀಕ ತನ್ನ ತಪ್ಪು ಮುಚ್ಚಿಕೊಳ್ಳಲು ಇದನ್ನು ಅಡ್ಡ ಹಿಡಿಯುವಂತಿಲ್ಲ.

ಸಾಕೆನ್ನುವ ಈ ಧರ್ಮವನ್ನೇ ಬಡವರಿಗೆ ಬೋಧಿಸಿ ಸುಮ್ಮನಿರಿಸಲಾಗಿದೆ ಎಂಬ ಆಕ್ಷೇಪವೇ ಎಲ್ಲಕ್ಕಿಂತ ಗಟ್ಟಿಯಾದದ್ದು. ಹೌದು, ಹಾಗಾಗಿದೆ, ಅದು ಅನ್ಯಾಯ. ಲಕ್ಕಮ್ಮ ಬೇಡವೆಂದದ್ದು ಹೆಚ್ಚು ತಂದವನಿಗೆ. ಕಡಿಮೆ ಸಿಕ್ಕವರಿಗೆ ಇಷ್ಟೇ ಸಾಕು ಎಂದು ಆಕೆ ಹೇಳಲಿಲ್ಲ. ಆದ್ದರಿಂದ ಈ ಅಳತೆ ಕ್ಯಾಮೆರಾ ಹಿಡಿದವರಿಗೆ ಸಲ್ಲುತ್ತದೆ, ನೂಲು ಬಿಚ್ಚುವವಳಿಗಲ್ಲ. ಸಿದ್ಧವಾದ ಚಿತ್ರವನ್ನು ಮೊದಲು ಅವಳ ಕೇರಿಯಲ್ಲೇ ತೋರಿಸಬೇಕು. ತನ್ನ ಕೈಗಳನ್ನು ಇಷ್ಟು ಹೊತ್ತು ತೋರಿಸಿದ್ದು ಹೆಚ್ಚಾಯಿತು ಎನ್ನಲು, ತನ್ನ ಸಾಲದ ಲೆಕ್ಕ ತೋರಿಸಿದ್ದು ಕಡಿಮೆಯಾಯಿತು ಎನ್ನಲು ಅವಳಿಗೆ ಅಲ್ಲಿ ಎಡೆಯಿರಬೇಕು.