ಹಾಡ್ಯಾಡಿ ಅಳುವ ಕೆಲಸ

ನಾಲ್ಕು ನಿಮಿಷಕ್ಕೆ ಟೇಪ್ ರೆಕಾರ್ಡರ್ ಬಂದ್ ಮಾಡಿದೆ. ಕಾಲೇಜು ಹಾಸ್ಟೆಲಿನಲ್ಲಿ ವರ್ಷವಿಡೀ ಕಪ್ಪು ಟೀ ಶರ್ಟನ್ನೇ ಹಾಕುತ್ತಿದ್ದ ಗೆಳೆಯನೊಬ್ಬ ಕೊಟ್ಟ ಕ್ಯಾಸೆಟ್ಟು ಅದು. ಯಾರದೋ ಸೀಡಿಯಿಂದ ಯಾರೋ ಇಳಿಸಿಕೊಂಡು, ಅದರಿಂದ ಇನ್ಯಾರೋ ಇಳಿಸಿಕೊಂಡು, ಕೊನೆಗೆ ನಮ್ಮ ರೂಮಿಗೆ ಬಂದಿತ್ತು. ಕವರಿನ ಮೇಲೆ ಬಾಲ್‌ಪೆನ್ನಿನಲ್ಲಿ ‘ಪ್ಲೇಗ್ ಮಾಸ್’ ಎಂದಷ್ಟೇ ಬರೆದಿತ್ತು. ‘ಲೈಟ್ ಆರಿಸಿ ಕೇಳು’ ಎಂದಿದ್ದ. ಆರಿಸಿಯೇ ಕೇಳಿದೆ. ಹೆಂಗಸೊಬ್ಬಳು ಕಿರುಚುತ್ತಿದ್ದಳು. ಆ ಕಿರುಚು ಇದ್ದಕ್ಕಿದ್ದಂತೆ ಸೀಳಿ ಎರಡಾಗಿ, ಒಂದು ಗಂಟಲಿನ ತಳಕ್ಕಿಳಿದರೆ ಇನ್ನೊಂದು ಸೂರಿಗೆ ಹೋಗಿ ಬಡಿಯುತ್ತಿತ್ತು. ಪಕ್ಕದ ರೂಮಿನವನು ಗೋಡೆ ಗುದ್ದಿದ. ಮರುದಿನ ಕ್ಯಾಸೆಟ್ ವಾಪಸು ಕೊಡುತ್ತ ‘ಇದು ಹಾಡೋ, ದೆವ್ವ ಬಿಡಿಸೋದೋ?’ ಎಂದೆ. ಗೆಳೆಯನಿಗೆ ಅದು ಹೊಗಳಿಕೆಯಾಗಿ ಕೇಳಿಸಿತು. ಗಾಥ್, ಇಂಡಸ್ಟ್ರಿಯಲ್ ಸಂಗೀತದ ಹುಚ್ಚು ಹತ್ತಿದವರಿಗೆ ಹಾಗೆ ಅನ್ನಿಸಿಕೊಳ್ಳುವುದೇ ಸರ್ಟಿಫಿಕೇಟು.

ಹಾಡಿದವಳ ಹೆಸರು ಡಿಯಮಾಂಡಾ ಗಲಾಸ್. ಆ ಹೆಸರನ್ನು ನಾನಾಗಿ ಹುಡುಕಿಕೊಂಡು ಹೋದದ್ದು ಮೂರ್ನಾಲ್ಕು ವರ್ಷದ ಮೇಲೆ, ಸೋದರಮಾವ ತೀರಿಕೊಂಡ ನಂತರ.

ಬಾಗಲಕೋಟೆ ಕಡೆಯ ನಮ್ಮೂರಿನಲ್ಲಿ ಮಾವನದು ಎರಡು ಜೋಡಿ ಎತ್ತಿನ ಒಕ್ಕಲುತನ. ನಡುವೆ ಮಳೆ ಕೈಕೊಟ್ಟಾಗ ಮೂರು ವರ್ಷ ಸಾಂಗ್ಲಿ ಕಡೆ ದುಡಿಯಲು ಹೋಗಿ ಬಂದಿದ್ದ. 2002ರಲ್ಲಿ ಸೊರಗಿ ಸೊರಗಿ ಸತ್ತ. ಯಾವ ರೋಗ ಎಂದು ಯಾರೂ ಬಾಯಿಬಿಟ್ಟು ಹೇಳಲಿಲ್ಲ. ‘ಆ ಬ್ಯಾನಿ’ ಎಂದರೆ ಎಲ್ಲರಿಗೂ ತಿಳಿಯುತ್ತಿತ್ತು. ಆ ವರ್ಷಗಳಲ್ಲಿ ಎಚ್ಐವಿ ಸೋಂಕು ರಾಜ್ಯದಲ್ಲೇ ಹೆಚ್ಚು ಕಂಡ ಜಿಲ್ಲೆಗಳಲ್ಲಿ ನಮ್ಮದೂ ಒಂದು. ಸರ್ಕಾರಿ ಆಸ್ಪತ್ರೆಗಳಲ್ಲಿ ಅದರ ಔಷಧಿ ಉಚಿತವಾಗಿ ಸಿಗತೊಡಗಿದ್ದು 2004ರಲ್ಲಿ. ಮಾವನಿಗೆ ಎರಡು ವರ್ಷ ಕಡಿಮೆ ಬಿತ್ತು.

ಹೆಣವನ್ನು ಪಡಸಾಲೆಯಲ್ಲಿ ಕೂಡ್ರಿಸಿದ್ದರು. ಸಾಮಾನ್ಯವಾಗಿ ಒಳಗೇ ಬಂದು ಕೂರುವ ಭಜನೆಯವರು ಅಂದು ಅಂಗಳದ ಆಚೆ, ಬೇವಿನ ಗಿಡದ ಕೆಳಗೆ ಕೂತರು. ಓಣಿಯ ಅರ್ಧ ಮನೆಗಳ ಬಾಗಿಲು ಮುಂದಕ್ಕೆಳೆದಿತ್ತು. ದೊಡ್ಡವ್ವ ತಮ್ಮನ ಮುಂದೆ ಕೂತು ಹಾಡ್ಯಾಡಿ ಅಳತೊಡಗಿದಳು. ನಮ್ಮ ಕಡೆ ಹಾಗೆ ಅಳುವುದಕ್ಕೆ ಒಂದು ಧಾಟಿ ಇದೆ. ಸಾಲು ಎತ್ತರದಲ್ಲಿ ಶುರುವಾಗಿ, ಮಾತು ತುಂಬಿಕೊಂಡು ಇಳಿಯುತ್ತ ಬಂದು, ಕೊನೆಗೆ ‘ನನ ತಮ್ಮಾ’ ಎಂಬಲ್ಲಿ ಒಡೆಯುತ್ತದೆ. ಉಸಿರು ಎಳೆದುಕೊಂಡ ಸದ್ದೂ ಲಯದೊಳಗೇ ಬರುತ್ತದೆ. ಮೊದಮೊದಲು ಅವನ ಬಾಲ್ಯ, ಅವನು ಹೂಡುತ್ತಿದ್ದ ಎತ್ತಿನ ಹೆಸರು, ಅವನ ರುಮಾಲು ಎಲ್ಲ ಬಂತು. ಆಮೇಲೆ ಧಾಟಿ ಅದೇ ಇತ್ತು, ಮಾತು ತಿರುಗಿತು. ‘ಇವನ ಎತ್ತಿಲೆ ಬಿತ್ತಿಗೆ ಮಾಡಿದವರು ಎಲ್ಲ್ಯದೀರಿ, ಇವನ ಹೆಗಲ ಮ್ಯಾಲ ಕೈ ಹಾಕಿ ಜಾತ್ರಿ ಮಾಡಿದವರು ಎಲ್ಲ್ಯದೀರಿ...’ ಬಾಗಿಲೆಳೆದುಕೊಂಡ ಒಂದೊಂದು ಮನೆಗೂ ಒಂದೊಂದು ಸಾಲು. ಹೆಸರು ಹೇಳಲಿಲ್ಲ, ಗುರುತು ಹೇಳಿದಳು.

ನಡುವೆ ಒಂದು ಸಂಗತಿ ನಡೆಯಿತು. ಹಿತ್ತಲಲ್ಲಿ ಎಮ್ಮೆ ಹಗ್ಗ ಹರಿದುಕೊಂಡಿತು. ದೊಡ್ಡವ್ವ ಸಾಲಿನ ನಡುವೆಯೇ ನಿಲ್ಲಿಸಿ, ದಿನನಿತ್ಯದ ದನಿಯಲ್ಲಿ ‘ಏ ತಮ್ಮಾ, ಎಮ್ಮಿ ಬಿಚ್ಚೇತಿ, ಕಟ್ಟಿ ಬಾ ಹೋಗು’ ಎಂದು ನನಗೆ ಹೇಳಿ, ಬಿಟ್ಟಲ್ಲಿಂದಲೇ, ಅದೇ ಎತ್ತರದಿಂದಲೇ ಮತ್ತೆ ಹಿಡಿದಳು. ಎಮ್ಮೆಯ ಹಿಂದೆ ಓಡುತ್ತ ನನಗೆ ಸಿಟ್ಟು ಬಂದಿತ್ತು. ಅಂದರೆ ಇದೆಲ್ಲ ನಾಟಕವೇ? ಸಂಜೆ ಅವಳ ಕಣ್ಣು ನೋಡಿದ ಮೇಲೆ ಸಿಟ್ಟು ಉಳಿಯಲಿಲ್ಲ. ಅಳು ಅವಳ ಮೇಲೆ ಬಂದು ಬೀಳುವಂಥದ್ದಾಗಿರಲಿಲ್ಲ, ಅವಳು ಕೂತು ಮಾಡುತ್ತಿದ್ದ ಕೆಲಸವಾಗಿತ್ತು. ಕಸುಬು ಗೊತ್ತಿದ್ದವರು ಕೆಲಸವನ್ನು ಎಲ್ಲಿ ಬೇಕಾದರೂ ನಿಲ್ಲಿಸಿ ಮತ್ತೆ ಹಿಡಿಯಬಲ್ಲರು.

ಬೆಂಗಳೂರಿಗೆ ವಾಪಸಾದ ವಾರದಲ್ಲೇ ಗೆಳೆಯನಿಂದ ಆ ಕ್ಯಾಸೆಟ್ಟನ್ನು ಮತ್ತೆ ಕೇಳಿ ಪಡೆದೆ.

ಗಲಾಸ್ ಹುಟ್ಟಿದ್ದು 1955ರಲ್ಲಿ, ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯೇಗೊದಲ್ಲಿ, ಗ್ರೀಕ್ ಮೂಲದ ಮನೆಯಲ್ಲಿ. ತಂದೆ ಬ್ಯಾಂಡ್ ಕಟ್ಟಿಕೊಂಡಿದ್ದವರು, ಗಾಸ್ಪೆಲ್ ಮೇಳವನ್ನೂ ನಡೆಸುತ್ತಿದ್ದರು. ಮಗಳಿಗೆ ಪಿಯಾನೊ ಕಲಿಸಿ ಹದಿಹರೆಯದಲ್ಲೇ ತಮ್ಮ ಜೊತೆ ನುಡಿಸಲು ಕೂರಿಸಿಕೊಂಡವರು, ಅವಳು ಹಾಡುವುದಕ್ಕೆ ಮಾತ್ರ ಒಪ್ಪುತ್ತಿರಲಿಲ್ಲ. ಹಾಡುವ ಹೆಣ್ಣಿನ ಬಗ್ಗೆ ಅವರಿಗಿದ್ದ ಅಭಿಪ್ರಾಯ ನಮ್ಮ ಅಜ್ಜಂದಿರ ಕಾಲದ ಅಭಿಪ್ರಾಯವೇ. ಆಕೆ ಜೀವರಸಾಯನ ಶಾಸ್ತ್ರ ಓದಿದಳು, ಸಂಗೀತಕ್ಕೆ ಹೊರಳಿದಳು, ಆಪೆರಾದವರ ಬೆಲ್ ಕ್ಯಾಂಟೊ ಶೈಲಿಯಲ್ಲಿ ಕಂಠ ಪಳಗಿಸಿದಳು. 1979ರಲ್ಲಿ ಫ್ರಾನ್ಸಿನ ಅವಿನ್ಯೋನ್ ಉತ್ಸವದಲ್ಲಿ ವಿಂಕೊ ಗ್ಲೊಬೊಕಾರ್ ರಚಿಸಿದ ಆಪೆರಾದ ಮುಖ್ಯ ಪಾತ್ರ ಸಿಕ್ಕಿತು. ಬಂಧಿಸಿ ಚಿತ್ರಹಿಂಸೆ ಕೊಡಲಾದ ಟರ್ಕಿಯ ಹೆಣ್ಣೊಬ್ಬಳ ಬಗ್ಗೆ ಆಮ್ನೆಸ್ಟಿ ಸಂಸ್ಥೆಯ ದಾಖಲೆಗಳನ್ನು ಆಧರಿಸಿದ ಕೃತಿ ಅದು. ದೊಡ್ಡ ವೇದಿಕೆಯ ಮೇಲೆ ಆಕೆಯ ಗಂಟಲಿಗೆ ದಕ್ಕಿದ ಮೊದಲ ಪಾತ್ರವೇ ಕಿರುಚಿಕೊಳ್ಳಲು ಕಾರಣವಿದ್ದವಳದ್ದು.

ಲಂಡನ್ನಿನ ಮ್ಯೂಟ್ ಕಂಪನಿ ಆಕೆಯ ಧ್ವನಿಮುದ್ರಿಕೆಗಳನ್ನು ತರತೊಡಗಿತು. ಡೆಪೆಷ್ ಮೋಡ್, ನಿಕ್ ಕೇವ್, ಲೈಬಾಖ್ ಇದ್ದ ಮನೆ ಅದು. ಹಾಗಾಗಿ ಕಪ್ಪು ಬಟ್ಟೆ, ಕಪ್ಪು ಕಾಡಿಗೆಯ ಹುಡುಗ ಹುಡುಗಿಯರೇ ಆಕೆಯ ಕೇಳುಗರಾದರು. ಆಕೆಯೂ ಹಾಗೆಯೇ ಕಾಣುತ್ತಿದ್ದಳೆನ್ನಿ. ಒಂದಕ್ಕಿಂತ ಹೆಚ್ಚು ಮೈಕು, ದನಿಯನ್ನು ತಿರುಚಿ ಮರಳಿಸುವ ಯಂತ್ರಗಳು, ಹಿಂದೆ ಟೇಪಿನ ಗದ್ದಲ. ಕಾರ್ಖಾನೆಯ ಸದ್ದನ್ನು ಸಂಗೀತ ಮಾಡಹೊರಟ ಇಂಡಸ್ಟ್ರಿಯಲ್ ತಂಡಗಳು ಕಬ್ಬಿಣ ಬಡಿದು ತೆಗೆಯುತ್ತಿದ್ದುದನ್ನು ಆಕೆ ಗಂಟಲಿನಿಂದ ತೆಗೆಯುತ್ತಿದ್ದಳು.

ಆಮೇಲೆ ಏಡ್ಸ್ ಬಂತು. ಅಮೆರಿಕದಲ್ಲಿ ಅದು ಮೊದಲು ವರದಿಯಾದದ್ದು 1981ರಲ್ಲಿ. ದೇವರು ಕೊಟ್ಟ ಶಿಕ್ಷೆ ಎಂದು ಪೀಠದ ಮೇಲಿಂದ ಹೇಳುವವರು ಹುಟ್ಟಿಕೊಳ್ಳಲು ತಡವಾಗಲಿಲ್ಲ. 1986ರಲ್ಲಿ ಆಕೆಯ ಸಹೋದರ, ನಾಟಕಕಾರ ಫಿಲಿಪ್ ಡಿಮಿಟ್ರಿ ಗಲಾಸ್, ಅದೇ ರೋಗದಿಂದ ತೀರಿಕೊಂಡ. 1986ರಿಂದ 1988ರವರೆಗೆ ಮೂರು ಧ್ವನಿಮುದ್ರಿಕೆಗಳು ಬಂದವು. ಮೂರಕ್ಕೂ ಸೇರಿ ಎಡ್ಗರ್ ಆಲನ್ ಪೋನ ಪಿಡುಗಿನ ಕತೆಯ ಹೆಸರು: ‘ಮಾಸ್ಕ್ ಆಫ್ ದ ರೆಡ್ ಡೆತ್’. ಮೊದಲನೆಯದರ ಹೆಸರೇ ‘ದ ಡಿವೈನ್ ಪನಿಶ್‌ಮೆಂಟ್’, ದೈವಿಕ ಶಿಕ್ಷೆ. ಅದರ ಮಾತುಗಳು ಆಕೆಯವಲ್ಲ. ಯಾರು ಅಶುದ್ಧ, ಅವನು ಮುಟ್ಟಿದ ಹಾಸಿಗೆ ಎಷ್ಟು ಹೊತ್ತು ಅಶುದ್ಧ ಎಂದು ಲೆಕ್ಕ ಹಾಕುವ ಬೈಬಲ್ಲಿನ ಯಾಜಕಕಾಂಡ, ಜೊತೆಗೆ ಕೀರ್ತನೆಗಳು. ರೋಗಿಯ ಮೇಲೆ ಎಸೆಯುತ್ತಿದ್ದ ಕಲ್ಲನ್ನೇ ಎತ್ತಿಕೊಂಡು, ನ್ಯಾಯಾಧೀಶನ ದನಿಯಲ್ಲಿ, ಮರುಕ್ಷಣ ಹಾಸಿಗೆ ಹಿಡಿದವನ ದನಿಯಲ್ಲಿ ಓದುತ್ತ ಹೋಗುತ್ತಾಳೆ. ಕೇಳುತ್ತ ಕೂತವನಿಗೆ ಬೇವಿನ ಗಿಡದ ಕೆಳಗೆ ಕೂತ ಭಜನೆಯವರು ನೆನಪಾದರು.

ಬೆರಳ ಗೆಣ್ಣುಗಳ ಮೇಲೆ ‘ನಾವೆಲ್ಲರೂ ಎಚ್ಐವಿ ಪಾಸಿಟಿವ್’ ಎಂಬ ಅರ್ಥದ ಹಚ್ಚೆ ಹಾಕಿಸಿಕೊಂಡಳು. 1989ರ ಡಿಸೆಂಬರ್ 10ರಂದು ನ್ಯೂಯಾರ್ಕಿನ ಸೇಂಟ್ ಪ್ಯಾಟ್ರಿಕ್ಸ್ ಕೆಥೆಡ್ರಲ್‌ನಲ್ಲಿ ಏಡ್ಸ್ ಕುರಿತ ಚರ್ಚಿನ ಧೋರಣೆಯ ವಿರುದ್ಧ ನಡೆದ ಪ್ರತಿಭಟನೆಯಲ್ಲಿ ಪೊಲೀಸರು ಎಳೆದೊಯ್ದವರಲ್ಲಿ ಆಕೆಯೂ ಇದ್ದಳು. ಮರುವರ್ಷ ಅಕ್ಟೋಬರಿನ ಎರಡು ರಾತ್ರಿ, ಅದೇ ಊರಿನ ಇನ್ನೊಂದು ದೊಡ್ಡ ಕೆಥೆಡ್ರಲ್, ಸೇಂಟ್ ಜಾನ್ ದ ಡಿವೈನ್‌ನಲ್ಲಿ, ಸೊಂಟದವರೆಗೆ ಬರಿಮೈಯಲ್ಲಿ, ರಕ್ತ ಬಳಿದುಕೊಂಡು ‘ಪ್ಲೇಗ್ ಮಾಸ್’ ಹಾಡಿದಳು. ನಾನು ಹಾಸ್ಟೆಲಿನಲ್ಲಿ ಬಂದ್ ಮಾಡಿದ್ದು ಆ ರಾತ್ರಿಗಳನ್ನು. ಶವಸಂಸ್ಕಾರಕ್ಕೆ ಇನ್ನು ಟಿಕೆಟ್ ಇಲ್ಲ ಎಂಬ ಅರ್ಥದ ಹೆಸರಿನಿಂದ ಅದು ಶುರುವಾಗುತ್ತದೆ. ಎರಡನೆಯ ಸಲ ಕೇಳಿದಾಗ ಆ ಕಿರುಚಿನೊಳಗೆ ಅಳತೆ ಕೇಳಿಸಿತು: ಎಲ್ಲಿ ಉಸಿರು ತೆಗೆದುಕೊಳ್ಳಬೇಕು, ಎಲ್ಲಿ ಮಾತಿಗೆ ಇಳಿಯಬೇಕು, ಯಾವ ಸಾಲನ್ನು ಯಾರ ಬಾಗಿಲಿಗೆ ಕಳಿಸಬೇಕು ಎಂಬುದು. ಆಪೆರಾದ ಕಟ್ಟುನಿಟ್ಟು ತಾಲೀಮು ಇಲ್ಲದೆ ಅಷ್ಟು ಹೊತ್ತು ಹಾಗೆ ಕೂಗಿದರೆ ಗಂಟಲು ಅರ್ಧ ಗಂಟೆಯಲ್ಲಿ ಹರಿದುಹೋಗುತ್ತದೆ.

ಹೀಗೆ ಅಳುವ ಕೆಲಸ ಆಕೆಗೆ ಮನೆಯಿಂದಲೇ, ಗ್ರೀಕ್ ಬೇರಿನಿಂದಲೇ ಬಂದದ್ದು. ದಕ್ಷಿಣ ಗ್ರೀಸಿನ ಮಾನಿ ಎಂಬ ಕಲ್ಲುಗಾಡಿನಲ್ಲಿ ಹೆಂಗಸರು ಹೆಣದ ಸುತ್ತ ಕೂತು ಹಾಡುವ ಶೋಕಕ್ಕೆ ಮಿರೊಲೊಯಿ ಎನ್ನುತ್ತಾರೆ. ಕೊಲೆಯಾದವನ ಮುಂದೆ ಕೂತು ಹಾಡುತ್ತಲೇ ಕೊಂದವನ ಗುರುತು ಹೇಳುವುದು, ಮನೆಯ ಗಂಡಸರನ್ನು ಸೇಡಿಗೆ ಎಬ್ಬಿಸುವುದು ಅಲ್ಲಿ ರೂಢಿಯಲ್ಲಿತ್ತು. ಹೆಂಗಸರ ಅಳುವಿಗೆ ಆಳುವವರು ಹೆದರಿದ್ದು ಇಂದು ನಿನ್ನೆಯಲ್ಲ. ಕ್ರಿಸ್ತಪೂರ್ವ ಆರನೆಯ ಶತಮಾನದ ಆರಂಭದಲ್ಲಿ ಅಥೆನ್ಸಿಗೆ ಕಾನೂನು ಬರೆದ ಸೋಲೊನ್, ಶವಯಾತ್ರೆಯಲ್ಲಿ ಹೆಂಗಸರು ಮೈ ಪರಚಿಕೊಂಡು ಕೂಗಿ ಅಳುವುದಕ್ಕೂ ಕಡಿವಾಣ ಹಾಕಿದ. ಪ್ರಜಾಪ್ರಭುತ್ವಕ್ಕೆ ತಳಪಾಯ ಹಾಕಿದವನೆಂದು ನಾವು ಶಾಲೆಯಲ್ಲಿ ಓದಿದ ಅದೇ ಸೋಲೊನ್.

ಗಲಾಸ್ ಬಗ್ಗೆ ಬರೆಯುವವರು ಮೂರೂವರೆ ಸಪ್ತಕದ ಕಂಠ, ಬಹುಮುಖ ಪ್ರತಿಭೆ ಎಂದೆಲ್ಲ ಶುರು ಮಾಡುತ್ತಾರೆ. ಬಹುಮುಖ ಹೌದು. 1992ರ ‘ದ ಸಿಂಗರ್’ನಲ್ಲಿ ಪಿಯಾನೊ ಹಿಡಿದು ಬ್ಲೂಸ್, ಗಾಸ್ಪೆಲ್ ಹಾಡುತ್ತಾಳೆ. 1993ರ ‘ವೇನಾ ಕಾವಾ’ದಲ್ಲಿ ಏಡ್ಸ್ ಮೆದುಳಿಗೆ ಏರಿ ಬುದ್ಧಿ ಕಲಕಿದವನ ಒಂಟಿ ಕೋಣೆ ಇದೆ. ನಾನದನ್ನು ಇಡಿಯಾಗಿ ಕೇಳಿದ್ದು ಒಂದೇ ಸಲ, ಇನ್ನೊಮ್ಮೆ ಕೇಳುವ ಧೈರ್ಯವಿಲ್ಲ. 1994ರಲ್ಲಿ ಲೆಡ್ ಜೆಪ್ಲಿನ್‌ನ ಜಾನ್ ಪಾಲ್ ಜೋನ್ಸ್ ಜೊತೆ ರಾಕ್ ಧ್ವನಿಮುದ್ರಿಕೆಯನ್ನೇ ಮಾಡಿದಳು. ಅದರಲ್ಲಿ ನನಗೆ ಹಾಡಿಗಿಂತ ಜೋನ್ಸ್‌ನ ಬಾಸ್ ಗಿಟಾರೇ ಹೆಚ್ಚು ಹಿಡಿಸುತ್ತದೆ, ಆಕೆ ತುಸು ರಜೆಯಲ್ಲಿದ್ದ ಹಾಗೆ ಕಾಣುತ್ತದೆ. ಅದನ್ನು ಬಿಟ್ಟರೆ ಮಿಕ್ಕಿದ್ದೆಲ್ಲವೂ ನನ್ನ ಕಿವಿಗೆ ಒಂದೇ ಕೆಲಸ. ಸತ್ತವನ ಮುಂದೆ ಕೂತವಳು ಬೇರೆ ಬೇರೆ ಧಾಟಿ ಹಿಡಿಯುತ್ತಾಳೆ, ಅಷ್ಟೆ.

ಸಿನಿಮಾದವರು ಆಕೆಯ ದನಿಯನ್ನು ಎಲ್ಲಿ ಬಳಸಿದರು ಗೊತ್ತೆ? 1992ರಲ್ಲಿ ಕೊಪ್ಪೊಲಾನ ‘ಡ್ರಾಕುಲಾ’ದಲ್ಲಿ. ಸತ್ತವರಿಗಾಗಿ ಅಳುವ ದನಿ ಮಾರುಕಟ್ಟೆಯ ಕಿವಿಗೆ ರಕ್ತಪಿಶಾಚಿಯ ದನಿಯಾಗಿ ಕೇಳಿಸಿತು. ನಗಲು ನನಗೆ ಹಕ್ಕಿಲ್ಲ. ‘ದೆವ್ವ ಬಿಡಿಸೋದೋ?’ ಎಂದು ಕೇಳಿದವನು ನಾನೇ.

ಗಲಾಸ್‌ಳ ತಂದೆಯ ಕಡೆಯ ಬೇರು ಆನಟೋಲಿಯಾದ್ದು. 1914ರಿಂದ 1923ರ ನಡುವೆ ಆಟೊಮನ್ ನೆಲದಲ್ಲಿ ಕೊಲ್ಲಲ್ಪಟ್ಟ ಆರ್ಮೇನಿಯನ್, ಅಸ್ಸಿರಿಯನ್, ಗ್ರೀಕ್ ಜನಕ್ಕಾಗಿ ಕಟ್ಟಿದ ‘ಡಿಫಿಕ್ಸಿಯೋನಿಸ್’ ಮೊದಲು ಹಾಡಿದ್ದು 1999ರಲ್ಲಿ, ಬೆಲ್ಜಿಯಂನ ಗೆಂಟ್ ಊರಿನ ಕೋಟೆಯೊಳಗೆ. ಗೋರಿಯ ತಂಟೆಗೆ ಬಂದವರಿಗೆ ಹೀಗೆ ಹೀಗಾಗಲಿ ಎಂದು ಸೀಸದ ತಗಡಿನ ಮೇಲೆ ಬರೆದಿಡುತ್ತಿದ್ದ ಶಾಪಗಳ ಹೆಸರು ಅದು. ನಮ್ಮ ಶಾಸನಗಳ ಕೊನೆಯ ಶಾಪದ ಸಾಲುಗಳನ್ನು ಬಲ್ಲವರಿಗೆ ಇದು ಹೊಸದೆನ್ನಿಸದು. ಅದರೊಳಗೆ ‘ಅಮಾನೆ’ ಎಂಬ ಹಳೆಯ ಗಾಯನಪ್ರಕಾರ ಬರುತ್ತದೆ. ‘ಅಮಾನ್’ ಎಂಬೊಂದೇ ಪದವನ್ನು ಹಿಡಿದು ನಿಮಿಷಗಟ್ಟಲೆ ಎಳೆಯುವುದು. ಅಭಯ ಕೊಡು, ಕರುಣೆ ತೋರು ಎಂದು ಅರ್ಥ. ನಮ್ಮ ಕಚೇರಿಗಳ ‘ಅಮಾನತು’ ಹುಟ್ಟಿದ್ದೂ ಅದೇ ಅರಬ್ಬಿ ಧಾತುವಿನಿಂದ, ಆದರೆ ಅಮಾನತಾದವನಿಗೆ ಇದರಲ್ಲಿ ಅಭಯ ಕಾಣಿಸಲಾರದು.

ಆಕೆ ಇನ್ನೂ ನಿಲ್ಲಿಸಿಲ್ಲ. 2022ರ ‘ಬ್ರೋಕನ್ ಗಾರ್ಗೊಯ್ಲ್ಸ್’ ಮೊದಲ ಮಹಾಯುದ್ಧದಲ್ಲಿ ಮುಖವೇ ಒಡೆದುಹೋದ ಸೈನಿಕರ ಬಗ್ಗೆ. ಜರ್ಮನ್ ಕವಿ ಗಿಯಾರ್ಗ್ ಹೈಮ್‌ನ ಸಾಲುಗಳು ಅದರಲ್ಲಿವೆ. ನೋಡಲಾಗದೆ ಜನ ಮುಖ ತಿರುಗಿಸಿದವರ ಎದುರು ಹೋಗಿ ಕೂರುವುದು ಈ ವಯಸ್ಸಿನಲ್ಲೂ ತಪ್ಪಿಲ್ಲ.

ಒಂದು ಅನುಮಾನವನ್ನು ಮುಚ್ಚಿಡಬಾರದು. ದೊಡ್ಡವ್ವನ ಎದುರು ಹೆಣವಿತ್ತು, ಓಣಿ ಇತ್ತು, ಬಾಗಿಲೆಳೆದುಕೊಂಡವರು ಒಳಗಿನಿಂದ ಕೇಳಿಸಿಕೊಳ್ಳುತ್ತಿದ್ದರು. ಮಾವನ ಹನ್ನೊಂದನೆಯ ದಿನಕ್ಕೆ ಆ ಮನೆಗಳಲ್ಲಿ ಎರಡು ಮನೆಯವರು ಬಂದು ಉಂಡುಹೋದರು. ಟಿಕೆಟ್ ಕೊಂಡು ಬಂದು ಕತ್ತಲಲ್ಲಿ ಕೂತ ಕಪ್ಪು ಬಟ್ಟೆಯವರ ಎದುರು ಅದೇ ಕೆಲಸ ನಡೆಯುತ್ತದೆಯೇ? ಬಾಗಿಲೆಳೆದುಕೊಂಡವರು ಆ ಸಭೆಗೆ ಬರುವುದೇ ಇಲ್ಲವಲ್ಲ. ಕೆಥೆಡ್ರಲ್‌ನ ಆ ಎರಡು ರಾತ್ರಿಗಳಲ್ಲಿ ನಡೆದಿರಬಹುದು, ಏಕೆಂದರೆ ಅಲ್ಲಿ ಆಕೆ ಬಾಗಿಲಿನವರೆಗೆ ತಾನೇ ಹೋಗಿದ್ದಳು. ಮಿಕ್ಕ ಕಡೆ ಅದು ಕಛೇರಿಯೇ, ಎಷ್ಟೇ ಒಳ್ಳೆಯ ಕಛೇರಿಯಾದರೂ.

ದೊಡ್ಡವ್ವ ಹೋದದ್ದು ಕಳೆದ ವರ್ಷದ ಶ್ರಾವಣದಲ್ಲಿ. ಮನೆ ತುಂಬ ಜನರಿದ್ದರು, ಓಣಿಯ ಬಾಗಿಲುಗಳೆಲ್ಲ ತೆರೆದಿದ್ದವು. ಹಾಡ್ಯಾಡಿ ಅಳಲು ಬರುವವರು ಒಬ್ಬರೂ ಇರಲಿಲ್ಲ. ಪೆಂಡಾಲಿನ ಹುಡುಗ ಎರಡು ಸ್ಪೀಕರ್ ಇಟ್ಟು ಮೊಬೈಲಿನಿಂದ ಭಜನಾ ಪದ ಹಚ್ಚಿದ್ದ, ನಡುನಡುವೆ ಜಾಹೀರಾತು ಬರುತ್ತಿತ್ತು.